ಮಾಸ್ತರರ ಅರ್ಧ ತಾಸು: ಕಾಲವನ್ನು ಕೈಗೆತ್ತಿಕೊಂಡ ಒಬ್ಬ ಕಲ್ಪಿತ ಪಂಡಿತನ ಪ್ರಕರಣ

ಈ ಪ್ರಕರಣದ ನಾಯಕ ಎಂದೂ ಬದುಕಿದ್ದವನಲ್ಲ. ಕಾದಂಬರಿಯೊಂದರ ಹಸ್ತಪ್ರತಿಯಲ್ಲಿ ಮಾತ್ರ ಓಡಾಡುವ, ಕಾಲವನ್ನು ಹಿಗ್ಗಿಸಿ ಕುಗ್ಗಿಸಬಲ್ಲ ವಿದ್ವಾಂಸ ಅವನು. ಅವನನ್ನು ಕಟ್ಟಿದ ಲೇಖಕಿ ಮಾತ್ರ ನಮ್ಮ ನಡುವಿನವರು. ಪುಸ್ತಕ ಇನ್ನೂ ಅಚ್ಚಿಗೆ ಹೋಗಬೇಕಿರುವುದರಿಂದ ಅವರ ಹೆಸರು, ಊರು, ಉದ್ಯೋಗ, ಪ್ರಕಾಶಕರು ಎಲ್ಲವನ್ನೂ ಮರೆಮಾಡಿದ್ದೇನೆ. ಕರಡು ಓದಿ ಚರ್ಚಿಸಿದ ಬರವಣಿಗೆಯ ಕಮ್ಮಟದಲ್ಲಿ ಮಾತಾಡಿದವರ ಗುರುತೂ ಇಲ್ಲಿಲ್ಲ. ಪಾತ್ರವನ್ನು ಕೂಡ ಕಥೆಯೊಳಗಿನ ಊರವರು ಕರೆಯುವ ಹಾಗೆ ‘ಮಾಸ್ತರ’ ಎಂದಷ್ಟೇ ಕರೆಯುತ್ತೇನೆ. ಹಸ್ತಪ್ರತಿ ತಿದ್ದುವ ಕೆಲಸದಲ್ಲಿ ಲೇಖಕಿಯ ಜತೆಗಿದ್ದವನು ನಾನು. ಕಾಲಯಾನದ ಕಥೆಗೆ ಕೈಹಾಕಿದವರು ಹೆಚ್ಚುಕಡಿಮೆ ಒಂದೇ ಜಾಗದಲ್ಲಿ ಸಿಕ್ಕಿಬೀಳುತ್ತಾರೆ. ಇವರೂ ಅಲ್ಲೇ ಸಿಕ್ಕಿಬಿದ್ದರು, ಆದರೆ ಹೊರಬಂದ ದಾರಿ ಬೇರೆಯಾಗಿತ್ತು.

ಮೊದಲ ಕರಡು

ಮೊದಲ ಕರಡಿನಲ್ಲಿ ಮಾಸ್ತರ ಇರಲೇ ಇಲ್ಲ. ಬೆಂಗಳೂರಿನ ನಿವೃತ್ತ ಭೌತವಿಜ್ಞಾನಿಯೊಬ್ಬರಿದ್ದರು. ಹೆಂಡತಿ ತೀರಿಕೊಂಡಿದ್ದಾರೆ, ಹಳೆಯ ಮನೆಯ ಹಿಂದಿನ ಕೋಣೆಯಲ್ಲಿ ಯಂತ್ರ, ಗೋಡೆ ತುಂಬ ಸಮೀಕರಣ. ಲೇಖಕಿ ಚೆನ್ನಾಗಿ ಓದಿಕೊಂಡು ಬಂದಿದ್ದರು. 1949ರಲ್ಲಿ ತರ್ಕಶಾಸ್ತ್ರಜ್ಞ ಕರ್ಟ್ ಗೋಡೆಲ್ ಐನ್‌ಸ್ಟೈನರ ಸಮೀಕರಣಗಳಿಂದಲೇ ತಿರುಗುವ ವಿಶ್ವವೊಂದನ್ನು ಹೊರತೆಗೆದು, ಅದರಲ್ಲಿ ಹೊರಟ ಕ್ಷಣಕ್ಕೇ ಮರಳುವ ಹಾದಿಗಳುಂಟು ಎಂದು ತೋರಿಸಿದ್ದು ಅವರಿಗೆ ಗೊತ್ತಿತ್ತು. 1971ರಲ್ಲಿ ಹಾಫೆಲೆ ಮತ್ತು ಕೀಟಿಂಗ್ ಎಂಬ ವಿಜ್ಞಾನಿಗಳು ವೇಗಕ್ಕೂ ಎತ್ತರಕ್ಕೂ ಕಾಲದ ಓಟ ಬದಲಾಗುವುದನ್ನು ಅಳೆಯಲು ಪರಮಾಣು ಗಡಿಯಾರಗಳನ್ನು ಪ್ರಯಾಣಿಕರ ವಿಮಾನದಲ್ಲಿಟ್ಟು ಭೂಮಿಯನ್ನು ಸುತ್ತಿಸಿದ್ದು ಗೊತ್ತಿತ್ತು. ಜಿಪಿಎಸ್ ಉಪಗ್ರಹದ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡು ಮುಂದೆ ಓಡುತ್ತದೆ, ಅದನ್ನು ಸರಿದೂಗಿಸದಿದ್ದರೆ ನಮ್ಮ ಫೋನಿನ ನಕಾಶೆ ದಿನದೊಳಗೆ ಕಿಲೋಮೀಟರುಗಟ್ಟಲೆ ತಪ್ಪುತ್ತದೆ ಎಂಬುದನ್ನೂ ಒಂದು ಅಧ್ಯಾಯದಲ್ಲಿ ಹೆಣೆದಿದ್ದರು. ಲೆಕ್ಕದಲ್ಲಿ ತಪ್ಪಿರಲಿಲ್ಲ. ಮನುಷ್ಯ ಮಾತ್ರ ಉಸಿರಾಡುತ್ತಿರಲಿಲ್ಲ.

ಕಮ್ಮಟದಲ್ಲಿ ಓದು ಮುಗಿದಾಗ ಹಿಂದಿನ ಸಾಲಿನಿಂದ ಒಂದೇ ಪ್ರಶ್ನೆ ಬಂತು. “ಅಷ್ಟೆಲ್ಲ ಬಲ್ಲವರು ಹೋಗಿ ಹೆಂಡತಿಯನ್ನು ಉಳಿಸಿಕೊಂಡು ಬರಬಹುದಲ್ಲ?”

ಇಡೀ ಸಮಸ್ಯೆ ಇಷ್ಟೇ. ಕಾಲವನ್ನು ಬೇಕಾದ ಹಾಗೆ ತಿರುಗಿಸಬಲ್ಲವನಿಗೆ ಕಷ್ಟವೇ ಬರುವುದಿಲ್ಲ, ಬಂದರೆ ನಿನ್ನೆಗೆ ಹೋಗಿ ಸರಿಮಾಡಿಕೊಳ್ಳುತ್ತಾನೆ. ಹಾಗೆ ಸರಿಮಾಡಿಕೊಳ್ಳಲು ಬಿಡದಿದ್ದರೆ ಲೇಖಕರು ಬೇಕೆಂದೇ ಅಡ್ಡಗಾಲು ಹಾಕಿದ್ದಾರೆ ಅನ್ನಿಸುತ್ತದೆ. ಓದುಗರಿಗೆ ಇದು ತಕ್ಷಣ ತಿಳಿಯುತ್ತದೆ.

ತೇಪೆ ಹಾಕಿ ನೋಡಿದ್ದು

ಲೇಖಕಿ ಮೊದಲು ಹಿಡಿದದ್ದು ನಿಯಮಗಳ ದಾರಿ. ಯಂತ್ರ ಹುಣ್ಣಿಮೆಗೆ ಮಾತ್ರ ಓಡುತ್ತದೆ, ಒಂದೇ ಜಾಗಕ್ಕೆ ಎರಡು ಸಲ ಹೋಗುವಂತಿಲ್ಲ, ಸತ್ತವರನ್ನು ಮುಟ್ಟುವಂತಿಲ್ಲ. ಪ್ರತಿ ಆಕ್ಷೇಪಕ್ಕೂ ಒಂದು ಹೊಸ ನಿಯಮ ಹುಟ್ಟಿತು. ಕಥೆ ಓದುತ್ತಿದ್ದೇವೋ ಬಾಡಿಗೆ ಕರಾರುಪತ್ರ ಓದುತ್ತಿದ್ದೇವೋ ಅನ್ನುವ ಹಾಗಾಯಿತು.

ಆಮೇಲೆ ಭೌತವಿಜ್ಞಾನಿ ಇಗೋರ್ ನೊವಿಕೋವ್ ಹೇಳಿದ ಸ್ವಸಂಗತಿಯ ತತ್ವವನ್ನು ತಂದರು. ಹಿಂದಕ್ಕೆ ಹೋಗಬಹುದು, ಆದರೆ ಅಲ್ಲಿ ಮಾಡುವುದೆಲ್ಲ ಆಗಲೇ ಆಗಿಹೋದದ್ದರ ಭಾಗ, ಆದ್ದರಿಂದ ಏನೂ ಬದಲಾಗದು. ತರ್ಕಕ್ಕೆ ಇದು ಚೊಕ್ಕ. ಹೆಂಡತಿಯನ್ನು ಉಳಿಸಲು ಹೋದವನೇ ಅವಳ ಸಾವಿಗೆ ಕಾರಣನಾಗುತ್ತಾನೆ ಎಂದು ಕಥೆ ಮುಚ್ಚಿಕೊಂಡಿತು. ಕಮ್ಮಟದ ಅರ್ಧಕ್ಕರ್ಧ ಜನ ನಡುವಿನ ಅಧ್ಯಾಯದಲ್ಲೇ ಅದನ್ನು ಊಹಿಸಿದ್ದರು. ಅದಕ್ಕಿಂತ ದೊಡ್ಡ ತೊಂದರೆ, ನಾಯಕನ ಯಾವ ನಿರ್ಧಾರಕ್ಕೂ ಬೆಲೆ ಉಳಿಯಲಿಲ್ಲ. ಏನು ಮಾಡಿದರೂ ಅದೇ ಆಗುವುದಾದರೆ ಅವನು ಯೋಚಿಸುವುದನ್ನು ನಾವೇಕೆ ಕೂತು ಓದಬೇಕು?

ಮೂರನೆಯದು ಬೆಲೆ ತೆರುವ ದಾರಿ. ಇದು ಭಾಗವತದ ಕಕುದ್ಮಿಯಿಂದ ಬಂತು. ಮಗಳು ರೇವತಿಗೆ ವರ ಯಾರೆಂದು ಕೇಳಲು ಬ್ರಹ್ಮಲೋಕಕ್ಕೆ ಹೋದ ರಾಜ, ಗಾಯನ ನಡೆಯುತ್ತಿದೆಯೆಂದು ಸ್ವಲ್ಪ ಹೊತ್ತು ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗ ಕಳೆದಿರುತ್ತದೆ. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರಗಳು, ಅವರ ಮಕ್ಕಳು, ಮೊಮ್ಮಕ್ಕಳು ಯಾರೂ ಉಳಿದಿಲ್ಲ. ಕೊನೆಗೆ ರೇವತಿಗೆ ಬಲರಾಮನೊಡನೆ ಮದುವೆಯಾಗುತ್ತದೆ. ಲೇಖಕಿಗೆ ಹಿಡಿಸಿದ್ದು ಆ ಕಾಯುವಿಕೆ: ಅಪ್ಪ ಮಾಡಿದ್ದು ಮರ್ಯಾದೆಯ ಕೆಲಸ, ದಂಡ ತೆತ್ತದ್ದು ಇಬ್ಬರೂ. ಹಾಗಾಗಿ ಹೊಸ ಕರಡಿನಲ್ಲಿ ವಿಜ್ಞಾನಿ ಪಡೆದ ಪ್ರತಿ ನಿಮಿಷವೂ ಯಾರದೋ ಲೆಕ್ಕದಿಂದ ಕಡಿತವಾಗತೊಡಗಿತು. ಇದು ಒಳ್ಳೆಯ ಬೀಜ. ಆದರೆ ಬೆಂಗಳೂರಿನ ಹಿಂದಿನ ಕೋಣೆಯ ಯಂತ್ರ ಯಾರ ಲೆಕ್ಕದಿಂದ, ಹೇಗೆ ಕಡಿಯುತ್ತದೆ? ಉತ್ತರ ಬರೆಯಲು ಹೋದಾಗಲೆಲ್ಲ ಮತ್ತೆ ನಿಯಮಗಳ ಪಟ್ಟಿ ಬೆಳೆಯಿತು.

ಇಲ್ಲಿಗೆ ಲೇಖಕಿ ಹಸ್ತಪ್ರತಿಯನ್ನು ಬದಿಗಿಟ್ಟರು.

ರೈಲ್ವೆಯವರು ಕೇಳಿದ ಪ್ರಶ್ನೆ

ತಿರುವು ಬಂದದ್ದು ಬರವಣಿಗೆಯ ಗಂಧವೇ ಇಲ್ಲದವರೊಬ್ಬರಿಂದ. ಹುಬ್ಬಳ್ಳಿಯ ಕಡೆಯವರು, ರೈಲ್ವೆಯಲ್ಲಿ ದುಡಿದು ನಿವೃತ್ತರಾದವರು, ಮಗಳನ್ನು ಕಮ್ಮಟಕ್ಕೆ ಬಿಡಲು ಬಂದು ಕೂತಿದ್ದರು. ಯಂತ್ರದ ಚರ್ಚೆ ಕೇಳಿ ಕೇಳಿ ಸಾಕಾಗಿ ಅಂದರು: “ಸರಕಾರ ಒಂದ ಹುಕುಮ್ ಹೊರಡಿಸಿ ಊರಿಗೆ ಊರಿಂದ ಅರ್ಧ ತಾಸು ನುಂಗಿತಲ್ರಿ, ಅದಕ್ಕ ಯಾವ ಯಂತ್ರ ಬೇಕಾಗಿತ್ತು?”

ಅವರು ಹೇಳಿದ್ದು 1906ರ ಮಾತು. ಅದಕ್ಕೂ ಮೊದಲು ಈ ದೇಶಕ್ಕೆ ಒಂದೇ ಸಮಯವೆಂಬುದು ಇರಲಿಲ್ಲ. ಊರಿನ ನೆತ್ತಿಗೆ ಸೂರ್ಯ ಬಂದಾಗ ಆ ಊರಿನ ಮಧ್ಯಾಹ್ನ. ಮುಂಬಯಿಗೆ ತನ್ನದೊಂದು ಸಮಯ, ಕಲ್ಕತ್ತೆಗೆ ತನ್ನದೊಂದು. ರೈಲು ಮತ್ತು ತಂತಿ ಇಲಾಖೆಗಳು ಮಾತ್ರ ಮದ್ರಾಸ್ ವೀಕ್ಷಣಾಲಯದ ಸಮಯ ಹಿಡಿದಿದ್ದವು. 1906ರ ಜನವರಿ 1ರಂದು 82.5 ಡಿಗ್ರಿ ರೇಖಾಂಶದ ಸಮಯ, ಅಂದರೆ ಗ್ರೀನಿಚ್‌ಗಿಂತ ಐದೂವರೆ ತಾಸು ಮುಂದಿನದು, ಭಾರತದ ಸಮಯವೆಂದು ಜಾರಿಗೆ ಬಂತು. ಆ ಲೆಕ್ಕಕ್ಕೆ ಮದ್ರಾಸಿನ ಗಡಿಯಾರ ಸುಮಾರು 9 ನಿಮಿಷ, ಮುಂಬಯಿಯದು ಸುಮಾರು 39 ನಿಮಿಷ ಮುಂದಕ್ಕೆ ಹಾರಬೇಕು. ಮುಂಬಯಿ ಸುಮ್ಮನೆ ಒಪ್ಪಲಿಲ್ಲ. ಗಡಿಯಾರ ಮುಂದೆ ಹೋದರೆ ಕೆಲಸಗಾರ ಅಷ್ಟು ಬೇಗ, ಇನ್ನೂ ಕತ್ತಲಿರುವಾಗ ಏಳಬೇಕು. ಆ ಜನವರಿಯಲ್ಲೇ ಗಿರಣಿ ಕಾರ್ಮಿಕರು ಗಲಾಟೆ ಎಬ್ಬಿಸಿದರು. ನಗರಪಾಲಿಕೆ ಹಳೆಯ ಸಮಯವನ್ನು ಬಹಳ ವರ್ಷ ಬಿಡಲೇ ಇಲ್ಲ.

ಲೇಖಕಿ ನಕಾಶೆ ಹಿಡಿದು ಕೂತರು. ಧಾರವಾಡದ ಮೇಲೆ ಕಣ್ಣು ನಿಂತಿತು. ಆ ಊರು ಇರುವುದು ಸರಿಸುಮಾರು 75 ಡಿಗ್ರಿ ಪೂರ್ವ ರೇಖಾಂಶದ ಮೇಲೆ. ಡಿಗ್ರಿಗೆ 4 ನಿಮಿಷದಂತೆ ಅದರ ಸ್ವಂತ ಸಮಯ ಗ್ರೀನಿಚ್‌ಗಿಂತ ಸರಿಯಾಗಿ 5 ತಾಸು ಮುಂದೆ. ಮುಂಬಯಿ ಸಮಯ ಅದಕ್ಕಿಂತ ಸುಮಾರು 9 ನಿಮಿಷ ಹಿಂದೆ, ರೈಲಿನ ಮದ್ರಾಸ್ ಸಮಯ 21 ನಿಮಿಷ ಮುಂದೆ. ಮುಂಬಯಿ ಪ್ರಾಂತ್ಯಕ್ಕೆ ಸೇರಿದ ಊರು, ಹಾಯುವ ರೈಲು ಮದ್ರಾಸ್ ಸಮಯದ್ದು. ಕಚೇರಿಯ ಗಡಿಯಾರವನ್ನು ಲೇಖಕಿ ಕಥೆಯ ಅನುಕೂಲಕ್ಕೆ ಮುಂಬಯಿ ಸಮಯಕ್ಕಿಟ್ಟರು. ಈಗ ಒಂದೇ ಊರಿನಲ್ಲಿ ಮೂರು ಹೊತ್ತು, ಎರಡು ತುದಿಗಳ ನಡುವೆ ಸರಿಯಾಗಿ ಅರ್ಧ ತಾಸು.

ಇದರಿಂದ ಹುಟ್ಟುವ ಚಮತ್ಕಾರ ನೋಡಿ. ಸ್ಟೇಷನ್ನಿನ ಗಡಿಯಾರದಲ್ಲಿ ಹತ್ತೂವರೆಗೆ ರೈಲಿಳಿದವನು ಕಾಲು ತಾಸು ನಡೆದು ಕಚೇರಿ ಮುಟ್ಟಿದರೆ ಅಲ್ಲಿನ ಗಡಿಯಾರ ಹತ್ತೂ ಕಾಲು ತೋರಿಸುತ್ತದೆ. ಹೊರಡುವ ಮೊದಲೇ ತಲುಪಿದ್ದಾನೆ! ಗೋಡೆಲ್‌ನ ತಿರುಗುವ ವಿಶ್ವ ಬೇಡ, ಎರಡು ಇಲಾಖೆಗಳು ಸಾಕು.

ಮಾಸ್ತರರ ಬದುಕು, ಮಾಸ್ತರರ ವಿದ್ಯೆ

ನಿವೃತ್ತ ವಿಜ್ಞಾನಿ ಅಲ್ಲಿಗೆ ಮುಗಿದರು. ಅವರ ಜಾಗಕ್ಕೆ ಬಂದವರು ಶಾಲೆಯೊಂದರಲ್ಲಿ ಗಣಿತ ಹೇಳುವ, ಮನೆಯಲ್ಲಿ ಪಂಚಾಂಗ ಗುಣಿಸುವ ಮಾಸ್ತರರು. ತಂದೆ ಹಳ್ಳಿಯ ಜೋಶಿ. 16ನೇ ಶತಮಾನದ ಗಣೇಶ ದೈವಜ್ಞರ ಗ್ರಹಲಾಘವದ ಸೂತ್ರಗಳಿಂದ ತಿಥಿ ನಕ್ಷತ್ರ ಹೇಳುತ್ತಿದ್ದವರು. ಹಳೆಯ ಸೂತ್ರಗಳಿಗೂ ಆಕಾಶಕ್ಕೂ ನಡುವೆ ಆಗಲೇ ಅಂತರ ಬಿದ್ದಿತ್ತು, ಕಣ್ಣಿಗೆ ಕಾಣುವ ಗ್ರಹಗತಿಗೆ ಪಂಚಾಂಗವನ್ನು ಹೊಂದಿಸಬೇಕೆಂಬ ವಾದ ಆ ಸೀಮೆಯಲ್ಲಿ ಜೋರಾಗಿತ್ತು. ಕಾದಂಬರಿ ತೆರೆಯುವುದು 1898ರ ಜನವರಿ 22ರ ಸೂರ್ಯಗ್ರಹಣದ ದಿನ. ಪೂರ್ಣಗ್ರಹಣದ ಪಟ್ಟಿ ಮಹಾರಾಷ್ಟ್ರದ ಮೇಲೆ ಹಾಯ್ದುಹೋಯಿತು, ಧಾರವಾಡಕ್ಕೆ ಖಂಡಗ್ರಾಸ. ಅಪ್ಪ ಹೇಳಿದ ಹೊತ್ತಿಗೆ ಸ್ಪರ್ಶವಾಗುವುದಿಲ್ಲ, ಅಂದರೆ ಗ್ರಹಣ ಹಿಡಿಯುವುದಿಲ್ಲ. ಮಿಂದು ಒದ್ದೆ ಬಟ್ಟೆಯಲ್ಲಿ ಕೆರೆಯ ದಂಡೆಯ ಮೇಲೆ ಕಾಯುತ್ತಿರುವ ಜನ ಒಬ್ಬರ ಮುಖ ಒಬ್ಬರು ನೋಡುತ್ತಾರೆ. ಆ ಅವಮಾನದಿಂದ ಮಗ ಕಾಲದ ಬೆನ್ನುಹತ್ತುತ್ತಾನೆ.

ಶಾಲೆಯ ಅಂಗಳದಲ್ಲಿ ನೆರಳಿನಿಂದ ಹೊತ್ತು ಅಳೆಯಲು ನೆಟ್ಟ ಅವರದೊಂದು ಶಂಕು, ಮನೆಯ ಕೊಪ್ಪರಿಗೆಯಲ್ಲಿ ಗಳಿಗೆ ಬಟ್ಟಲು. ತಳದಲ್ಲಿ ಸೂಜಿಮೊನೆಯಷ್ಟು ತೂತಿರುವ ತಾಮ್ರದ ಬಟ್ಟಲದು. ನೀರಿನ ಮೇಲೆ ಬಿಟ್ಟರೆ ಮೆಲ್ಲಗೆ ತುಂಬಿ 24 ನಿಮಿಷಕ್ಕೆ ಮುಳುಗುತ್ತದೆ. ಅದೇ ಒಂದು ಗಳಿಗೆ, ದಿನಕ್ಕೆ ಅಂಥವು 60. ಮದುವೆಯ ಮನೆಗಳಿಗೆ ಮುಹೂರ್ತ ನೋಡಲು ಬಟ್ಟಲು ಹೊತ್ತುಕೊಂಡು ಹೋಗುವ ಮಾಸ್ತರರನ್ನು ಪೇಟೆಯಲ್ಲಿ ನಿಲ್ಲಿಸಿ ಜನ ಕೇಳುವುದುಂಟು:

“ಎಷ್ಟಾತ್ರಿ ಮಾಸ್ತರ?”

“ಯಾರ ಗಡಿಯಾರದಾಗ ಹೇಳ್ಲಿ? ಸೂರ್ಯಂದೋ, ಕಚೇರಿದೋ, ರೇಲ್ವೇದೋ?”

ಇಲ್ಲಿಂದ ಮುಂದೆ ಅದ್ಭುತ. ಲೇಖಕಿ ಒಂದೇ ಒಂದು ಅದ್ಭುತವನ್ನು ಒಪ್ಪಿಕೊಂಡರು, ಅದಕ್ಕೆ ಕಾರಣ ವಿವರಿಸುವ ಗೊಡವೆಗೆ ಹೋಗಲಿಲ್ಲ. ಗಳಿಗೆ ಬಟ್ಟಲನ್ನು ಕೈಯಲ್ಲಿ ಹಿಡಿದು ಸ್ಟೇಷನ್ನಿನಿಂದ ಕಚೇರಿಗೆ ನಡೆದರೆ ಎರಡು ಗಡಿಯಾರಗಳ ನಡುವಿನ ಅರ್ಧ ತಾಸಿನಲ್ಲಿ ಒಂದು ಗಳಿಗೆ ಬಟ್ಟಲಿಗೆ ಬರುತ್ತದೆ. ಉಳಿದ 6 ನಿಮಿಷ ದಾರಿಖರ್ಚು. ಹೀಗೆ ಕೂಡಿಟ್ಟ ಗಳಿಗೆಯನ್ನು ಬೇಕಾದಾಗ ನೀರಿಗೆ ಬಿಟ್ಟರೆ, ಬಟ್ಟಲು ಮುಳುಗುವವರೆಗೆ ಊರೆಲ್ಲ ನಿಂತಿರುತ್ತದೆ, ಮಾಸ್ತರರೊಬ್ಬರೇ ಓಡಾಡುತ್ತಾರೆ. ಹಿಂದಕ್ಕೆ ಹೋಗುವುದಿಲ್ಲ, ಮುಂದಕ್ಕೂ ಹೋಗುವುದಿಲ್ಲ. ಉತ್ತರಪತ್ರಿಕೆ ತಿದ್ದುತ್ತಾರೆ, ಕೋಷ್ಟಕ ಬರೆಯುತ್ತಾರೆ, ಒಮ್ಮೆಯಂತೂ ಸುಮ್ಮನೆ ನಿದ್ದೆ ಮಾಡುತ್ತಾರೆ. ನಿದ್ದೆಯ ಆ ಪುಟ ಇಡೀ ಹಸ್ತಪ್ರತಿಯಲ್ಲಿ ನನಗೆ ಅತಿ ಇಷ್ಟವಾದದ್ದು. ಕಾಲವೇ ಕೈಗೆ ಸಿಕ್ಕರೆ ಬಡ ಮಾಸ್ತರನೊಬ್ಬ ಮೊದಲು ಮಾಡುವ ಕೆಲಸ ಅದೇ ಅಲ್ಲವೇ?

ಈ ಒಂದು ನಿರ್ಧಾರ ಹಳೆಯ ತೊಡಕುಗಳಲ್ಲಿ ಹೆಚ್ಚಿನದನ್ನು ಬಿಡಿಸಿತು. ಶಕ್ತಿಯ ಅಳತೆ ಬಟ್ಟಲಿನಲ್ಲೇ ಇದೆ. ಶಕ್ತಿ ಮುಗಿಯುವ ದಿನಾಂಕ ಇತಿಹಾಸದಲ್ಲಿದೆ, ಲೇಖಕಿ ಮುಂದೂಡುವಂತಿಲ್ಲ. ಎಲ್ಲ ಗಡಿಯಾರ ಒಂದಾದ ದಿನ ನಡುವಿನ ಅರ್ಧ ತಾಸು ಇಲ್ಲವಾಗುತ್ತದೆ. ನಿಜದಲ್ಲಿ ಬೇರೆ ಬೇರೆ ಕಡೆ ಬೇರೆ ಬೇರೆ ವೇಗದಲ್ಲಿ ಆದ ಬದಲಾವಣೆಯನ್ನು ಕಾದಂಬರಿ 1905ರ ಡಿಸೆಂಬರ್ 31ರ ಒಂದೇ ರಾತ್ರಿಗೆ ಕಟ್ಟಿದೆ. ಆ ಮಟ್ಟಿಗಿನ ಸ್ವಾತಂತ್ರ್ಯ ಕಾದಂಬರಿಗೆ ಇರಲಿ ಎಂದು ನಾನೂ ತಕರಾರು ಮಾಡಲಿಲ್ಲ.

ಬಿಟ್ಟುಕೊಟ್ಟದ್ದು, ಉಳಿಸಿಕೊಂಡದ್ದು

ತಕರಾರು ಬೇರೆ ಕಡೆ ಬಂತು. 1905 ಎಂದರೆ ಐನ್‌ಸ್ಟೈನರ ವಿಶೇಷ ಸಾಪೇಕ್ಷತೆಯ ವರ್ಷ. ಬರ್ನ್ ನಗರದ ಪೇಟೆಂಟ್ ಕಚೇರಿಯಲ್ಲಿದ್ದ ಆ ಯುವಕ ಕೂಡ ಯೋಚಿಸುತ್ತಿದ್ದದ್ದು ದೂರದ ಎರಡು ಗಡಿಯಾರಗಳನ್ನು ಹೊಂದಿಸುವುದು ಹೇಗೆಂದೇ. ಲೇಖಕಿ ಮಾಸ್ತರರ ಕೈಯಲ್ಲಿ ಬರ್ನ್‌ಗೆ ಒಂದು ಪತ್ರ ಬರೆಸಿ, ಉತ್ತರವನ್ನೂ ತರಿಸಿದ್ದರು. ಜತೆಗೆ ನಮ್ಮ ಶಾಸ್ತ್ರಗಳಲ್ಲಿ ಇದೆಲ್ಲ ಮೊದಲೇ ಇತ್ತು ಎಂದು ಮಾಸ್ತರರು ಭಾಷಣ ಬಿಗಿಯುವ ಅಧ್ಯಾಯ. ಎರಡನ್ನೂ ತೆಗೆಯಬೇಕೆಂದು ನಾನು ಹಟ ಹಿಡಿದೆ. ದೊಡ್ಡವರ ನೆರಳಿನಲ್ಲಿ ನಿಲ್ಲಿಸಿದ ಕೂಡಲೇ ಮಾಸ್ತರರ ಲೋಕ ಸಣ್ಣದಾಗುತ್ತದೆ, ಓದುಗರ ಕಣ್ಣು ಬರ್ನ್ ಕಡೆ ಹೊರಳುತ್ತದೆ. ಲೇಖಕಿ ಭಾಷಣವನ್ನು ನಗುತ್ತಲೇ ಬಿಟ್ಟರು, ಪತ್ರವನ್ನು ಬಿಡಲು ಬಹಳ ಒದ್ದಾಡಿದರು.

ಬದಲಿಗೆ ಬಾಗಲಕೋಟೆಯ ಕಡೆ ನೋಡಿದೆವು. ದೃಗ್ಗಣಿತದ, ಅಂದರೆ ಕಣ್ಣಿಗೆ ಕಾಣುವ ಗ್ರಹಗತಿಗೆ ಹೊಂದುವ, ಪಂಚಾಂಗಕ್ಕಾಗಿ ದುಡಿದ ವೆಂಕಟೇಶ ಬಾಪೂಜಿ ಕೇತಕರರು ಅಲ್ಲಿ ಶಿಕ್ಷಕರಾಗಿದ್ದವರು. ನೆಪ್ಚೂನಿನಾಚೆ ಗ್ರಹವಿರಬೇಕೆಂದು 1911ರಲ್ಲಿ ಲೆಕ್ಕ ಹಾಕಿ ಹೇಳಿದವರು. ಮಾಸ್ತರರಂಥವರು ತಮ್ಮ ಕೋಷ್ಟಕ ತೋರಿಸಲು ಹೋಗುವುದಾದರೆ ಅಲ್ಲಿಗೇ ಹೋಗಬೇಕು, ಗದಗಿನ ಮೇಲೆ ರೈಲು ಹಿಡಿದು. ಆದರೆ ಚರಿತ್ರೆಯ ವ್ಯಕ್ತಿಯ ಬಾಯಲ್ಲಿ ಆಡದ ಮಾತು ತುರುಕಬಾರದೆಂದು ಅವರನ್ನು ಪುಟದ ಮೇಲೆ ತರಲೇ ಇಲ್ಲ. ಕಾದಂಬರಿ ರೈಲು ಹತ್ತುವವರೆಗೆ ಹೋಗುತ್ತದೆ, ಆಮೇಲೆ ಮರಳಿ ಇಳಿಯುವಲ್ಲಿಗೆ ಜಿಗಿಯುತ್ತದೆ.

ಇನ್ನೊಂದು ತಿದ್ದುಪಡಿ ಆಕಾಶ ನೋಡುವ ಹವ್ಯಾಸವಿದ್ದ ಶಿಬಿರಾರ್ಥಿಯೊಬ್ಬರಿಂದ ಬಂತು. ಕರಡಿನಲ್ಲಿ ಶಂಕುವಿನ ನೆರಳು ದಿನವೂ ಸರಿಯಾಗಿ ಹನ್ನೆರಡಕ್ಕೆ ಅತಿ ಗಿಡ್ಡಾಗುತ್ತಿತ್ತು. ನಿಜವಾಗಿ ಹಾಗಿಲ್ಲ. ಭೂಮಿಯ ಕಕ್ಷೆ ಪೂರಾ ವೃತ್ತವಲ್ಲ, ಅಕ್ಷ ವಾಲಿದೆ. ಹೀಗಾಗಿ ನವೆಂಬರ್ ಮೊದಲ ವಾರದಲ್ಲಿ ಸೂರ್ಯ ಗಡಿಯಾರಕ್ಕಿಂತ ಸುಮಾರು 16 ನಿಮಿಷ ಮೊದಲೇ ನೆತ್ತಿ ದಾಟುತ್ತಾನೆ, ಫೆಬ್ರವರಿಯ ನಡುವಿಗೆ ಸುಮಾರು 14 ನಿಮಿಷ ತಡ. ಹೊಸ ಸಮಯ ಬಂದ 1906ರ ಜನವರಿ 1ರ ಸೋಮವಾರ ಧಾರವಾಡದ ಮಧ್ಯಾಹ್ನ ಹೊಸ ಗಡಿಯಾರದಲ್ಲಿ ಸುಮಾರು 12.33ಕ್ಕೆ ಆಗಬೇಕು. ಲೇಖಕಿ ಇದನ್ನು ಬರೀ ತಿದ್ದಿ ಕೈಬಿಡಲಿಲ್ಲ, ಕಥೆಯೊಳಕ್ಕೆ ತಂದರು. ಸೂರ್ಯನೂ ಗಡಿಯಾರಕ್ಕೆ ತಕ್ಕ ಹಾಗೆ ನಡೆಯುವುದಿಲ್ಲ ಎಂದು ಗೊತ್ತಾದ ದಿನ ಮಾಸ್ತರರಿಗೆ ಅಪ್ಪನ ಮೇಲಿದ್ದ ಸಿಟ್ಟು ಇಳಿಯುತ್ತದೆ.

ಆದರೂ ಒಂದು ಪ್ರಶ್ನೆ ಉಳಿದಿತ್ತು, ಅದನ್ನು ಕೇಳಿದ್ದು ಕಮ್ಮಟದವರಲ್ಲ, ಪಾತ್ರವೇ. ಮಾಸ್ತರರ ಮನೆಯಲ್ಲಿ ವಿಧವೆ ಅಕ್ಕ ಇದ್ದಾಳೆ. ಗಡಿಯಾರ ನೋಡದೆ, ಬಿಸಿಲು ಹಿತ್ತಲಿನ ಯಾವ ಕಲ್ಲಿಗೆ ಬಂತೆಂದು ನೋಡಿ ಮನೆ ನಡೆಸುವವಳು. ಒಂದು ಸಂಜೆ ಆಕೆ ಕೇಳುತ್ತಾಳೆ: “ತಮ್ಮಾ, ಗಡಿಯಾರ ಮುಂದ ಇಟ್ರ ಹೊತ್ತು ಹುಟ್ಟತೈತೇನು? ನಿನ್ನ ಬಟ್ಟಲದಾಗಿಂದು ಯಾರದರೆ ಹೊತ್ತ ಇರಬೇಕಲ್ಲ?”

ಕಕುದ್ಮಿಯಿಂದ ಬಂದು ಮೂಲೆಗೆ ಬಿದ್ದಿದ್ದ ಬೀಜ ಇಲ್ಲಿ ಮೊಳೆಯಿತು. ಹುಬ್ಬಳ್ಳಿ, ಧಾರವಾಡ ಸೀಮೆಯಲ್ಲಿ ಅದು ಪ್ಲೇಗಿನ ಕಾಲ. 1898ರಲ್ಲಿ ಹುಬ್ಬಳ್ಳಿ ತತ್ತರಿಸಿತ್ತು, ಹಾಫ್ಕಿನ್ ಲಸಿಕೆಯನ್ನು ಸಾವಿರಾರು ಜನಕ್ಕೆ ಚುಚ್ಚಲಾಗಿತ್ತು. ಆಮೇಲೆಯೂ ಬೇನೆ ಮತ್ತೆ ಮತ್ತೆ ಬಂತು, ಜನ ಊರು ಬಿಟ್ಟು ಹೊಲಗಳಲ್ಲಿ ಗುಡಿಸಲು ಹಾಕಿಕೊಂಡರು. ಅಂಥ ಒಂದು ಅಲೆಯಲ್ಲಿ ಮಾಸ್ತರರ ಶಿಷ್ಯ, ಹನ್ನೊಂದು ವರ್ಷದ ಹುಡುಗ, ತಾಯಿಯನ್ನು ಕಳೆದುಕೊಳ್ಳುತ್ತಾನೆ. ಆಕೆ ಹೋಗುವ ಮೊದಲು ಮಗನನ್ನು ಹತ್ತಿರ ಕೂರಿಸಿಕೊಂಡು ಏನೋ ಹೇಳಿದಳೆಂದು ಪಕ್ಕದ ಗುಡಿಸಲಿನವರು ಹೇಳುತ್ತಾರೆ. ಹುಡುಗನಿಗೆ ಏನೂ ನೆನಪಿಲ್ಲ. ಅವ್ವ ಕರೆದದ್ದು ನೆನಪಿದೆ, ಆಮೇಲೆ ಅತ್ತದ್ದು ನೆನಪಿದೆ, ನಡುವಿನದು ಇಲ್ಲ. ಮಾಸ್ತರರು ಲೆಕ್ಕ ಹಾಕುತ್ತಾರೆ. ಅದು ತಾವು ಸ್ಟೇಷನ್ನಿನಿಂದ ಕಚೇರಿಗೆ ಬಟ್ಟಲು ಹಿಡಿದು ನಡೆದ ಬೆಳಗು. ಆ ಗಳಿಗೆಯನ್ನು ಅವರು ಬಾಗಲಕೋಟೆಯ ರೈಲು ತಪ್ಪದಿರಲು ಖರ್ಚು ಮಾಡಿಯಾಗಿದೆ.

ತಿರುಗಿ ಕೊಡಬಹುದೇ? ಬಟ್ಟಲಿನಲ್ಲಿ ಬೇರೆ ಗಳಿಗೆಗಳಿವೆ, ಹುಡುಗನಿಗೆ ಇಡೀ ಊರು ನಿಂತಿರುವ 24 ನಿಮಿಷ ಕೊಡಬಹುದು. ತಾಯಿಯ ಮಾತಿದ್ದ ಆ 24 ನಿಮಿಷವನ್ನು ಕೊಡಲಾಗದು.

ಫಲ

ಹೊಸ ಕರಡಿನ ಓದಿನಲ್ಲಿ “ಹಿಂದೆ ಹೋಗಿ ಸರಿಮಾಡಬಹುದಲ್ಲ” ಎಂದು ಯಾರೂ ಕೇಳಲಿಲ್ಲ. ಹುಡುಗನಿಗೆ ನಿಜ ಹೇಳಬೇಕೋ ಬೇಡವೋ ಎಂದು ಊಟದ ಹೊತ್ತು ಮೀರಿ ಜಗಳವಾಡಿದರು. ವಿದ್ಯೆಯ ಮಿತಿಯನ್ನು ಲೇಖಕಿ ಎಲ್ಲೂ ವಾದಿಸಿ ಒಪ್ಪಿಸಿಲ್ಲ ಎಂಬುದು ಗಮನಿಸಬೇಕಾದ ಸಂಗತಿ. ಗಳಿಗೆ, ರೈಲು, ರೇಖಾಂಶ, ಪ್ಲೇಗು, ಇವೆಲ್ಲ ಊರಿನಲ್ಲಿ ಮೊದಲೇ ಇದ್ದವು. ನಿಯಮಗಳನ್ನು ಕಟ್ಟುವ ಕೆಲಸ ಊರೇ ಮಾಡಿತು. ಮೊದಲ ವಿಜ್ಞಾನಿ ಹೆಚ್ಚು ಭೌತಶಾಸ್ತ್ರ ಬಲ್ಲವನಾಗಿದ್ದ, ಆದರೆ ಅವನ ವಿದ್ಯೆಯಿಂದ ನೆರೆಮನೆಯವರಿಗೆ ಲಾಭವೂ ಇರಲಿಲ್ಲ, ನಷ್ಟವೂ ಇರಲಿಲ್ಲ. ಕಾಲಯಾನದ ಕರಡು ಹಿಡಿದು ಬರುವವರಿಗೆ ಈಗ ನಾನು ಯಂತ್ರ ಹೇಗೆ ಓಡುತ್ತದೆಂದು ಕೇಳುವುದಿಲ್ಲ, ಅದು ಓಡಿದಾಗ ಯಾರ ಮನೆಯಲ್ಲಿ ಏನು ಕಾಣೆಯಾಯಿತೆಂದು ಕೇಳುತ್ತೇನೆ.

ಎಲ್ಲವೂ ಬಗೆಹರಿದಿದೆ ಎಂದಲ್ಲ. ಅಕ್ಕನಿಗೆ ಪುಟ ಸಾಲದು ಎಂದು ಶಿಬಿರದ ಇಬ್ಬರು ಹೆಣ್ಣುಮಕ್ಕಳು ಪಟ್ಟುಹಿಡಿದರು, ಅದು ಸರಿಯೂ ಹೌದು. ಯಾವ ಹುಕುಮಿಗೂ ಬಗ್ಗದ ಹೊತ್ತು ಆ ಮನೆಯಲ್ಲಿ ಇದ್ದದ್ದು ಆಕೆಯ ಹತ್ತಿರ ಮಾತ್ರ. ಲೇಖಕಿ ಅರ್ಧ ಅಧ್ಯಾಯ ಸೇರಿಸಿ ನಿಲ್ಲಿಸಿದ್ದಾರೆ.

ಕೊನೆಯ ಅಧ್ಯಾಯಕ್ಕೆ ಎರಡು ರೂಪಗಳಿದ್ದವು. ಒಂದರಲ್ಲಿ ಡಿಸೆಂಬರ್ 31ರ ರಾತ್ರಿ ಮಾಸ್ತರರು ಹುಡುಗನಿಗೆ ಎಲ್ಲ ಹೇಳುತ್ತಾರೆ, ಅವನು ಕಲ್ಲು ತೂರಿ ಬಟ್ಟಲು ನೆಗ್ಗಿಸುತ್ತಾನೆ. ಇನ್ನೊಂದರಲ್ಲಿ ಮಾಸ್ತರರು ಏನೂ ಹೇಳದೆ ಅವನನ್ನು ತಮ್ಮ ಖರ್ಚಿನಲ್ಲಿ ಓದಿಸುತ್ತಾರೆ. ಪ್ರಕಾಶಕರಿಗೆ ಹೋಗಿರುವುದು ಎರಡನೆಯದು. ಲೇಖಕಿಯ ವಾದ: ಮಾಸ್ತರರಂಥ ಮನುಷ್ಯ ಹೇಳುವುದಿಲ್ಲ, ಹೇಳುವ ಧೈರ್ಯವಿದ್ದಿದ್ದರೆ ಅಕ್ಕ ಕೇಳಿದ ಸಂಜೆಯೇ ಬಟ್ಟಲು ಎತ್ತಿಡುತ್ತಿದ್ದ. ಪಾತ್ರವನ್ನು ಅವರು ನನಗಿಂತ ಚೆನ್ನಾಗಿ ಬಲ್ಲರು. ಆದರೂ ನನ್ನ ಮತ ಮೊದಲನೆಯದಕ್ಕೇ. ಇಡೀ ಕಾದಂಬರಿಯಲ್ಲಿ ಆ ಹುಡುಗನಿಗೆ ತನ್ನದೆಂದು ಸಿಟ್ಟು ಮಾಡಲು ಸಿಕ್ಕಿದ್ದು ಅದೊಂದೇ ಪುಟ.